ಚೌಕಟ್ಟಿನ ಹಿಂದಿನ ಮನುಷ್ಯ: ಆರಿ ಕ್ರಿಸ್ಟಿನ್ಸನ್ ಮತ್ತು ಐಸ್‌ಲೆಂಡಿನ ಸಿನಿಮಾ

1995ರ ‘ಕೋಲ್ಡ್ ಫೀವರ್’ ಚಿತ್ರ ಟೋಕಿಯೋದಲ್ಲಿ ಶುರುವಾಗುತ್ತದೆ. ಹಿರಾತಾ ಎಂಬ ಯುವ ನೌಕರನಿಗೆ ರಜೆಯಲ್ಲಿ ಹವಾಯಿಗೆ ಹೋಗಿ ಗಾಲ್ಫ್ ಆಡುವ ಆಸೆ. ಆದರೆ ಅವನ ತಂದೆತಾಯಿ ದೂರದ ಐಸ್‌ಲೆಂಡಿನ ಹೊಳೆಯೊಂದರಲ್ಲಿ ಜೀವ ಕಳೆದುಕೊಂಡಿದ್ದಾರೆ. ಅಲ್ಲಿಗೇ ಹೋಗಿ ಅವರ ಉತ್ತರಕ್ರಿಯೆ ಮಾಡಬೇಕೆಂದು ಅಜ್ಜನ ಹಟ. ಟೋಕಿಯೋದ ಭಾಗವೆಲ್ಲ ಇಕ್ಕಟ್ಟಾದ ಚೌಕಟ್ಟಿನಲ್ಲಿದೆ. ಹಿರಾತಾ ಐಸ್‌ಲೆಂಡಿನಲ್ಲಿ ಇಳಿದ ಮೇಲೆ ಪರದೆ ಎರಡೂ ಬದಿಗೆ ಹಿಗ್ಗುತ್ತದೆ. ಮೇಲೆ ಆಕಾಶ, ಕೆಳಗೆ ಹಿಮ, ನಡುವೆ ಒಂದು ಕೆಂಪು ಸಿಟ್ರೋಯೆನ್ ಕಾರು. ಇಲ್ಲಿ ಮನುಷ್ಯನ ಅಳತೆಯೇ ಬೇರೆ ಎಂಬುದು ಒಂದು ಮಾತೂ ಇಲ್ಲದೆ ನೋಡುವವರಿಗೆ ತಿಳಿದುಬಿಡುತ್ತದೆ.

ಈ ಚಿತ್ರದ ಬಗ್ಗೆ ಬರೆಯುವವರು ನಿರ್ದೇಶಕ ಫ್ರಿದ್ರಿಕ್ ಥೋರ್ ಫ್ರಿದ್ರಿಕ್ಸನ್ ಅವರನ್ನು ಹೊಗಳುತ್ತಾರೆ. ಆ ಹೊಗಳಿಕೆ ನ್ಯಾಯವಾದದ್ದೇ. ಆದರೆ ಆ ಹಿಮದಲ್ಲಿ ಕ್ಯಾಮೆರಾಕ್ಕೆ ಕಣ್ಣಿಟ್ಟು ನಿಂತಿದ್ದವರು ಛಾಯಾಗ್ರಾಹಕ ಆರಿ ಕ್ರಿಸ್ಟಿನ್ಸನ್. ಐಸ್‌ಲೆಂಡಿನಲ್ಲಿ ಎಲ್ಲರನ್ನೂ ಮೊದಲ ಹೆಸರಿನಿಂದಲೇ ಕರೆಯುತ್ತಾರೆ, ರಾಷ್ಟ್ರಾಧ್ಯಕ್ಷರನ್ನೂ ಸಹ. ಹಾಗಾಗಿ ಇಲ್ಲಿ ನಾನೂ ಅವರನ್ನು ಆರಿ ಎಂದೇ ಕರೆಯುತ್ತೇನೆ. ರಾಕ್ ಸಂಗೀತದ ಸಾಕ್ಷ್ಯಚಿತ್ರ, ಊರಿಗೆ ಊರೇ ನಕ್ಕ ಹಾಸ್ಯಚಿತ್ರಗಳು, ಆಸ್ಕರ್ ಅಂಗಳದವರೆಗೆ ಹೋದ ಚಿತ್ರ ಇವೆಲ್ಲಕ್ಕೂ ಕ್ಯಾಮೆರಾ ಹಿಡಿದವರು ಅವರು. ಚಿತ್ರಕಥೆ ಬರೆದರು, ನಿರ್ಮಾಪಕರಾದರು, ಮಕ್ಕಳಿಗಾಗಿ ಮೂರು ಚಿತ್ರಗಳನ್ನು ನಿರ್ದೇಶಿಸಿದರು. ಇಷ್ಟಾದರೂ ಐಸ್‌ಲೆಂಡಿನ ಸಿನಿಮಾ ಬಲ್ಲವರ ವಲಯದ ಹೊರಗೆ ಅವರ ಹೆಸರು ಕೇಳಿಬರುವುದು ಅಪರೂಪ. ಒಂದು ಸಣ್ಣ ಭಾಷೆಯ ಸಿನಿಮಾ ಯಾರ ಹೆಗಲ ಮೇಲೆ ನಿಲ್ಲುತ್ತದೆ ಎಂದು ಕೇಳಿದರೆ, ನನ್ನ ಉತ್ತರ ಇಂಥವರ ಹೆಗಲ ಮೇಲೆ ಎಂಬುದು. ಅದಕ್ಕೆ ಕಾರಣ ಆ ದೇಶದ ಸಿನಿಮಾ ಚರಿತ್ರೆಯಲ್ಲಿದೆ.

ಆ ಚರಿತ್ರೆ ತೀರಾ ಚಿಕ್ಕದು. ಐಸ್‌ಲೆಂಡಿನ ಕಥೆಗಳನ್ನು ಮೊದಲು ತೆರೆಗೆ ತಂದವರು ಹೊರಗಿನವರು. ಯೋಹಾನ್ ಸಿಗುರ್ಯೋನ್ಸನ್ ಅವರ ನಾಟಕವನ್ನು 1918ರಲ್ಲಿ ಚಿತ್ರ ಮಾಡಿದವರು ಸ್ವೀಡನ್ನಿನ ವಿಕ್ಟರ್ ಶೋಸ್ಟ್ರೋಮ್. ಐಸ್‌ಲೆಂಡಿಕ್ ಮಾತು ಕೇಳಿಸುವ ಮೊದಲ ಕಥಾಚಿತ್ರ ಬಂದದ್ದು 1949ರಲ್ಲಿ. ಅದನ್ನು ಮಾಡಿದ ಲೋಫ್ಟುರ್ ಗುದ್ಮುಂಡ್ಸನ್ ರೇಕ್ಯಾವಿಕ್‌ನಲ್ಲಿ ಫೋಟೊ ಸ್ಟುಡಿಯೋ ನಡೆಸುತ್ತಿದ್ದವರು. 1962ರ ‘79 ಆಫ್ ಸ್ಟೋದಿನ್ನಿ’ ಚಿತ್ರದ ಕಾದಂಬರಿ ಐಸ್‌ಲೆಂಡಿನದು, ನಟರೂ ಐಸ್‌ಲೆಂಡಿನವರು. ನಿರ್ದೇಶಕ ಮಾತ್ರ ಡೆನ್ಮಾರ್ಕಿನ ಎರಿಕ್ ಬಾಲಿಂಗ್. ಸರ್ಕಾರಿ ಟೆಲಿವಿಷನ್ ಪ್ರಸಾರ ಆರಂಭಿಸಿದ್ದು 1966ರಲ್ಲಿ, ಅದೂ ಗುರುವಾರ ಪ್ರಸಾರವಿಲ್ಲದೆ. ಈ ಗುರುವಾರದ ರಜೆ 1987ರವರೆಗೂ ಉಳಿಯಿತು. ಸರ್ಕಾರಿ ಟಿ.ವಿ. ಬರುವ ಮುಂಚೆಯೇ ಜನ ಕೆಫ್ಲಾವಿಕ್‌ನ ಅಮೆರಿಕನ್ ಸೇನಾನೆಲೆಯ ಟಿ.ವಿ. ನೋಡುತ್ತಿದ್ದರು. ಚಿತ್ರಮಂದಿರಗಳು ತುಂಬಿರುತ್ತಿದ್ದವು, ಆದರೆ ಪರದೆಯ ಮೇಲಿನವರು ಮಾತಾಡುತ್ತಿದ್ದುದು ಪರಭಾಷೆ.

1978ರಲ್ಲಿ ಸಂಸತ್ತು ಚಲನಚಿತ್ರ ನಿಧಿಗೆ ಕಾನೂನು ಮಾಡಿತು. ಮರುವರ್ಷ ಮೊದಲ ಸಹಾಯಧನ ಹಂಚಿಕೆಯಾಯಿತು. 1980ರ ಜನವರಿಯಲ್ಲಿ ಔಗುಸ್ಟ್ ಗುದ್ಮುಂಡ್ಸನ್ ಅವರ ‘ಲಾಂಡ್ ಓಗ್ ಸಿನಿರ್’ ಬಿಡುಗಡೆಯಾಯಿತು. ಅದೇ ವರ್ಷ ಇನ್ನೆರಡು ಚಿತ್ರಗಳು ಬಂದವು. ಆಗ ದೇಶದ ಜನಸಂಖ್ಯೆ ಸುಮಾರು 2.3 ಲಕ್ಷ. ಜನ ಹಿಂಡುಹಿಂಡಾಗಿ ಬಂದು ತಮ್ಮ ನೆಲವನ್ನೂ ತಮ್ಮ ಮಾತನ್ನೂ ದೊಡ್ಡ ಪರದೆಯಲ್ಲಿ ನೋಡಿದರು. ಚರಿತ್ರೆಕಾರರು ಇದನ್ನು ಐಸ್‌ಲೆಂಡಿನ ಸಿನಿಮಾ ವಸಂತ ಎನ್ನುತ್ತಾರೆ. ಆದರೆ ಆ ವಸಂತಕ್ಕೆ ಒದಗಬೇಕಾದ ಕೈಗಳು ಎಲ್ಲಿದ್ದವು? ದೇಶದಲ್ಲಿ ಚಿತ್ರಶಾಲೆ ಇರಲಿಲ್ಲ. ಅದು ಬಂದದ್ದು 1992ರಲ್ಲಿ. ಕೆಲವರು ಲಂಡನ್ನಿಗೋ ಸ್ಟಾಕ್‌ಹೋಮಿಗೋ ಹೋಗಿ ಕಲಿತು ಬಂದಿದ್ದರು. ಫ್ರಿದ್ರಿಕ್ ತರಹದವರು ಚಿತ್ರ ನೋಡಿ ನೋಡಿಯೇ ಕಲಿತವರು. ಚಿತ್ರೀಕರಿಸಿದ ನೆಗೆಟಿವ್ ಸಂಸ್ಕರಣೆಗೆ ಸಮುದ್ರ ದಾಟಿ ವಿದೇಶದ ಲ್ಯಾಬಿಗೆ ಹೋಗಬೇಕಿತ್ತು. ಅಂದು ತೆಗೆದದ್ದು ಸರಿಯಾಗಿ ಬಂದಿದೆಯೋ ಇಲ್ಲವೋ ತಿಳಿಯಲು ದಿನಗಟ್ಟಲೆ ಕಾಯಬೇಕು. ಅಷ್ಟರಲ್ಲಿ ಹವೆ ಬದಲಾಗಿರುತ್ತದೆ, ನಟರು ರಂಗಭೂಮಿಯ ಕೆಲಸಕ್ಕೆ ಮರಳಿರುತ್ತಾರೆ. ಇಂಥ ಕಡೆ ಛಾಯಾಗ್ರಾಹಕನಾಗುವವನಿಗೆ ತನ್ನ ಅಂದಾಜಿನ ಮೇಲೆ ಗಟ್ಟಿ ನಂಬಿಕೆ ಇರಬೇಕು.

ಆರಿ ಈ ಕಾಲದ ಕೂಸು. 1982ರ ‘ರೋಕ್ ಇ ರೇಕ್ಯಾವಿಕ್’ ಫ್ರಿದ್ರಿಕ್ ನಿರ್ದೇಶನದ ಸಾಕ್ಷ್ಯಚಿತ್ರ, ಕ್ಯಾಮೆರಾ ಆರಿಯವರದು. ರಾಜಧಾನಿಯ ಪಂಕ್ ತಂಡಗಳು ಸಣ್ಣ ಸಭಾಂಗಣಗಳಲ್ಲಿ ಕಿವಿ ಹರಿಯುವಂತೆ ಬಾರಿಸುತ್ತಿದ್ದ ಚಳಿಗಾಲ ಅದು. ಮುಂದೆ ಜಗತ್ತಿಗೆಲ್ಲ ಗೊತ್ತಾದ ಬ್ಯೋರ್ಕ್ ಆಗ ಹದಿಹರೆಯದ ಹುಡುಗಿ. ಅವಳ ಅಂದಿನ ದನಿ ಮತ್ತು ಮುಖ ಇವತ್ತು ನಮಗೆ ಸಿಗುವುದು ಈ ಚಿತ್ರದಲ್ಲಿ. ಇಲ್ಲಿ ದೀಪ ಹೊಂದಿಸಿಕೊಂಡು, ಜಾಗ ನೋಡಿಕೊಂಡು, ಇನ್ನೊಮ್ಮೆ ತೆಗೆಯೋಣ ಎನ್ನುವ ಅವಕಾಶವಿಲ್ಲ. ಜನಸಂದಣಿಯಲ್ಲಿ ನಿಂತು ಸಿಕ್ಕ ಬೆಳಕಿನಲ್ಲಿ ಮುಖವನ್ನು ಹಿಡಿಯಬೇಕು.

ಮರುವರ್ಷವೇ ಅವರು ಥ್ರಾಯಿನ್ ಬರ್ಟೆಲ್ಸನ್ ನಿರ್ದೇಶನದ ‘ನೀಟ್ ಲೀಫ್’ ಹಾಸ್ಯಚಿತ್ರದ ಛಾಯಾಗ್ರಾಹಕ. ಥೋರ್ ಮತ್ತು ದಾನ್ನಿ ಎಂಬ ಇಬ್ಬರು ಕೆಲಸಗೇಡಿ ಗೆಳೆಯರು ವೆಸ್ಟ್‌ಮನ್ ದ್ವೀಪಗಳ ಮೀನಿನ ಕಾರ್ಖಾನೆಗೆ ಹೋಗಿ ಮಾಡುವ ಅವಾಂತರಗಳ ಕಥೆ ಇದು. 1984ರ ‘ದಾಲಾಲೀಫ್’ನಲ್ಲಿ ಅದೇ ಜೋಡಿ ಹಳ್ಳಿಯ ಹೊಲಮನೆಗೆ ಹೋಗುತ್ತದೆ, 1985ರ ‘ಲೋಗ್ಗುಲೀಫ್’ನಲ್ಲಿ ಪೊಲೀಸರಾಗುತ್ತದೆ. ಮೂರು ವರ್ಷದಲ್ಲಿ ಮೂರು ಚಿತ್ರ, ಎಲ್ಲವೂ ಕಡಿಮೆ ಹಣದಲ್ಲಿ. ಐಸ್‌ಲೆಂಡಿನ ಹೊರಗೆ ಇವುಗಳ ಸುದ್ದಿಯೇ ಇಲ್ಲ. ಒಳಗೆ ಮಾತ್ರ ಇವುಗಳ ಮಾತುಗಳನ್ನು ಜನ ಇಂದಿಗೂ ಬಾಯಿಪಾಠವಾಗಿ ಹೇಳುತ್ತಾರೆ. ವಿದೇಶಿ ಚಿತ್ರೋತ್ಸವಗಳಿಗೆ ಹೋದ ಚಿತ್ರಗಳನ್ನಷ್ಟೇ ಆರಿಸಿಕೊಂಡು ಒಂದು ದೇಶದ ಸಿನಿಮಾ ಚರಿತ್ರೆ ಬರೆಯುವ ರೂಢಿಯಿಂದ ಆಗುವ ನಷ್ಟ ಇಲ್ಲೇ ಕಾಣುತ್ತದೆ. ನಿರ್ಮಾಪಕನಿಗೆ ಎರಡನೇ ಚಿತ್ರಕ್ಕೆ ಧೈರ್ಯ ಕೊಟ್ಟದ್ದು ಇಂಥ ಚಿತ್ರಗಳೇ. ಆರಿಗೆ ವರ್ಷವರ್ಷವೂ ಕ್ಯಾಮೆರಾ ಹಿಡಿಯುವ ಅಭ್ಯಾಸ ತಪ್ಪದಂತೆ ನೋಡಿಕೊಂಡದ್ದೂ ಇವೇ. ನಗೆಗೆ ಬೆಳಕು ಸಮನಾಗಿರಬೇಕು, ನಟನ ಕೈಕಾಲು ಚೌಕಟ್ಟಿನೊಳಗೆ ಉಳಿಯಬೇಕು, ಕ್ಯಾಮೆರಾ ತನ್ನ ಜಾಣತನ ತೋರಿಸಬಾರದು. ಈ ಶಿಸ್ತು ಮುಂದೆ ಅವರ ಗಂಭೀರ ಚಿತ್ರಗಳಲ್ಲೂ ಎದ್ದು ಕಾಣುತ್ತದೆ.

1987ರ ‘ಸ್ಕಿಟ್ಟುರ್ನರ್’ ಫ್ರಿದ್ರಿಕ್ ಅವರ ಮೊದಲ ಕಥಾಚಿತ್ರ. ತಿಮಿಂಗಿಲ ಬೇಟೆಯ ಋತು ಮುಗಿಸಿ ರೇಕ್ಯಾವಿಕ್‌ಗೆ ಬಂದ ಇಬ್ಬರು ಒಂದೇ ರಾತ್ರಿಯಲ್ಲಿ ಕೈಮೀರಿ ಹೋಗುತ್ತಾರೆ. ಇಲ್ಲಿಂದ ಈ ನಿರ್ದೇಶಕ ಮತ್ತು ಈ ಛಾಯಾಗ್ರಾಹಕನ ಜೋಡಿ ಗಟ್ಟಿಯಾಯಿತು. ಅದರ ಶಿಖರ 1991ರ ‘ಬೋರ್ನ್ ನೌಟ್ಟುರುನ್ನರ್’. ಹೊರಜಗತ್ತು ಅದನ್ನು ‘ಚಿಲ್ಡ್ರನ್ ಆಫ್ ನೇಚರ್’ ಎಂದು ಬಲ್ಲದು.

ಈ ಚಿತ್ರವನ್ನು ಸ್ವಲ್ಪ ನಿಂತು ನೋಡಬೇಕು. ಥೋರ್ಗೇರ್ ಎಂಬ ಮುದಿ ರೈತ ತನ್ನ ಹೊಲಮನೆಗೆ ಬೀಗ ಹಾಕಿ ಹೊರಡುತ್ತಾನೆ. ಹೊರಡುವ ಮುನ್ನ ತನ್ನ ನಾಯಿಯನ್ನು ತಾನೇ ಗುಂಡಿಟ್ಟು ಕೊಲ್ಲುತ್ತಾನೆ. ಚಿತ್ರದ ಈ ಭಾಗದಲ್ಲಿ ಮಾತು ಇಲ್ಲವೇ ಇಲ್ಲ ಎನ್ನಬಹುದು. ಕಥೆ ಹೇಳುವ ಹೊಣೆ ಪೂರ್ತಿ ಕ್ಯಾಮೆರಾದ್ದು. ರೇಕ್ಯಾವಿಕ್‌ನ ಮಗಳ ಫ್ಲಾಟಿನಲ್ಲಿ ಅವನು ಹೊಂದಿಕೊಳ್ಳುವುದಿಲ್ಲ. ವೃದ್ಧಾಶ್ರಮ ಸೇರುತ್ತಾನೆ. ಅಲ್ಲಿ ಬಾಲ್ಯದ ಗೆಳತಿ ಸ್ಟೆಲ್ಲಾ ಸಿಗುತ್ತಾಳೆ. ಹುಟ್ಟಿದ ನೆಲದಲ್ಲೇ ಸಾಯಬೇಕೆಂಬುದು ಅವಳ ಆಸೆ. ಇಬ್ಬರೂ ಒಂದು ಜೀಪು ಕದ್ದು ವೆಸ್ಟ್‌ಫ್ಯೋರ್ಡ್ಸ್‌ನ ಕಡೆಗೆ ಓಡುತ್ತಾರೆ. ಅದರ ಉತ್ತರದ ತುದಿಯ ಹೋರ್ನ್‌ಸ್ಟ್ರಾಂದಿರ್ ಪ್ರದೇಶ 1950ರ ದಶಕದ ಆರಂಭದ ಹೊತ್ತಿಗೆ ಪೂರ್ತಿ ಬರಿದಾದದ್ದು. ಜನ ಒಬ್ಬೊಬ್ಬರಾಗಿ ಮನೆ ಬಿಟ್ಟು ಹೋದರು. ಇಂದು ಅದು ರಕ್ಷಿತ ಪ್ರದೇಶ, ಬೇಸಿಗೆಯಲ್ಲಿ ಚಾರಣಿಗರು ಹೋಗಿಬರುತ್ತಾರೆ. ತೊರೆದು ಬಂದ ಊರಿಗೆ ಮುಪ್ಪಿನಲ್ಲಿ ಮರಳುವ ಈ ಕಥೆ ಐಸ್‌ಲೆಂಡಿನವರಿಗೆ ಕಟ್ಟುಕಥೆ ಆಗಿರಲಿಲ್ಲ.

ಇಂಥ ಕಥೆಯಲ್ಲಿ ಛಾಯಾಗ್ರಾಹಕನಿಗೆ ಇರುವ ದೊಡ್ಡ ಆಮಿಷ ಆ ನೆಲದ ಚೆಲುವು. ಎಲ್ಲಿ ಕ್ಯಾಮೆರಾ ತಿರುಗಿಸಿದರೂ ಪೋಸ್ಟ್‌ಕಾರ್ಡ್ ಸಿಗುತ್ತದೆ. ಆರಿ ಆ ಆಮಿಷಕ್ಕೆ ಬೀಳುವುದಿಲ್ಲ. ಮೊದಲ ಭಾಗದ ಹೊಲಮನೆಯನ್ನು ಅವರು ಚೆಂದಗಾಣಿಸುವುದಿಲ್ಲ. ಬೂದುಬೆಳಕು, ಖಾಲಿ ಗೋಡೆ, ಕೆಲಸ ಮಾಡಿ ಸವೆದ ಕೈ. ನಗರದ ದೃಶ್ಯಗಳಲ್ಲಿ ಮುದುಕನನ್ನು ಬಾಗಿಲು ಕಿಟಕಿಗಳ ನಡುವೆ ಸಿಕ್ಕಿಸುತ್ತಾರೆ. ಓಡಿಹೋದ ಮೇಲಷ್ಟೇ ನೆಲ ತೆರೆದುಕೊಳ್ಳುತ್ತದೆ. ಆಗಲೂ ಬೆಟ್ಟ ಸಮುದ್ರಗಳು ಆ ಇಬ್ಬರ ಮುಖಕ್ಕೆ ಹಿನ್ನೆಲೆಯಾಗಿಯೇ ಉಳಿಯುತ್ತವೆ. ಜೀಪು ಪೊಲೀಸರ ಕಣ್ಣೆದುರೇ ಮಾಯವಾಗುವ ಪವಾಡವೂ ಚಿತ್ರದಲ್ಲಿದೆ, ಕೊನೆಯಲ್ಲಿ ಬ್ರೂನೋ ಗಾಂಜ್ ದೇವದೂತನಾಗಿ ಬಂದು ನಿಲ್ಲುತ್ತಾರೆ. ಈ ಅಲೌಕಿಕವನ್ನು ನಾವು ನಂಬುತ್ತೇವೆಂದರೆ, ಅಲ್ಲಿಯವರೆಗಿನ ಚಿತ್ರೀಕರಣ ಅಷ್ಟು ಲೌಕಿಕವಾಗಿ, ಅಷ್ಟು ಪ್ರಾಮಾಣಿಕವಾಗಿ ಇರುವುದರಿಂದ. ಹಿಲ್ಮರ್ ಓರ್ನ್ ಹಿಲ್ಮಾರ್ಸನ್ ಅವರ ಸಂಗೀತಕ್ಕೆ ಆ ವರ್ಷದ ಯುರೋಪಿಯನ್ ಪ್ರಶಸ್ತಿ ಬಂತು. 1992ರ ಆಸ್ಕರ್‌ನಲ್ಲಿ ಚಿತ್ರ ವಿದೇಶಿ ಭಾಷಾ ವಿಭಾಗಕ್ಕೆ ನಾಮನಿರ್ದೇಶನಗೊಂಡಿತು. ಪ್ರಶಸ್ತಿ ಇಟಲಿಯ ‘ಮೆಡಿಟರೇನಿಯೊ’ ಪಾಲಾಯಿತು. ಅದೇನೇ ಇರಲಿ, ಐಸ್‌ಲೆಂಡಿಕ್ ಭಾಷೆಯ ಕಥಾಚಿತ್ರವೊಂದು ಆ ಪಟ್ಟಿಯಲ್ಲಿ ಕಾಣಿಸಿಕೊಂಡದ್ದು ಅದೇ ಮೊದಲು.

ನಂತರದ ಐದು ವರ್ಷ ಈ ಜೋಡಿ ಬಿಡುವಿಲ್ಲದೆ ದುಡಿಯಿತು. 1994ರ ‘ಬಿಯೋದಾಗರ್’ನಲ್ಲಿ ಅಮೆರಿಕನ್ ಚಿತ್ರ ನೋಡುತ್ತ ಬೆಳೆಯುವ 60ರ ದಶಕದ ಹುಡುಗನಿದ್ದಾನೆ. ಮರುವರ್ಷ ‘ಕೋಲ್ಡ್ ಫೀವರ್’. 1996ರ ‘ಡೆವಿಲ್ಸ್ ಐಲೆಂಡ್’ ಐನಾರ್ ಕೌರಾಸನ್ ಕಾದಂಬರಿಯ ರೂಪಾಂತರ. ಎರಡನೇ ಮಹಾಯುದ್ಧದಲ್ಲಿ ಮಿತ್ರರಾಷ್ಟ್ರಗಳ ಸೈನಿಕರು ಬಿಟ್ಟುಹೋದ ತಗಡಿನ ಕಮಾನು ಗುಡಿಸಲುಗಳಲ್ಲಿ ಬಡವರು ವಾಸವಾಗಿದ್ದ 50ರ ದಶಕದ ರೇಕ್ಯಾವಿಕ್ ಇಲ್ಲಿದೆ. ಅಮೆರಿಕದಿಂದ ಹಿಂದಿರುಗಿ ಮೆರೆಯುವ ಬಾದ್ದಿಯ ಪಾತ್ರದಲ್ಲಿ ಬಾಲ್ತಾಸರ್ ಕೋರ್ಮಾಕುರ್. ನಾಲ್ಕು ವರ್ಷದ ನಂತರ ‘101 ರೇಕ್ಯಾವಿಕ್’ ನಿರ್ದೇಶಿಸಿ, ಇಂದು ಆ ದೇಶದ ಅತಿ ದೊಡ್ಡ ಚಿತ್ರೋದ್ಯಮಿಯಾಗಿರುವವರು ಅವರೇ. ಆರಿಯ ಲೆನ್ಸಿನ ಮುಂದೆ ನಟನಾಗಿ ನಿಂತವನು ನಾಳೆ ನಿರ್ದೇಶಕ. ಇಂದಿನ ನಿರ್ದೇಶಕ ನಾಳೆ ನಿರ್ಮಾಪಕ: 2013ರಲ್ಲಿ ಬೆನೆದಿಕ್ತ್ ಎರ್ಲಿಂಗ್ಸನ್ ಅವರ ‘ಆಫ್ ಹಾರ್ಸಸ್ ಅಂಡ್ ಮೆನ್’ ಚಿತ್ರಕ್ಕೆ ನಿರ್ಮಾಪಕರಾಗಿ ನಿಂತವರು ಫ್ರಿದ್ರಿಕ್. ಈ ಅದಲುಬದಲು ಅಲ್ಲಿ ಯಾರಿಗೂ ವಿಚಿತ್ರ ಅನ್ನಿಸುವುದಿಲ್ಲ.

ಆರಿ ಸ್ವತಃ ನಿರ್ದೇಶಕರಾದದ್ದು ‘ಚಿಲ್ಡ್ರನ್ ಆಫ್ ನೇಚರ್’ಗೂ ಮುಂಚೆಯೇ. ಅವರು ಆರಿಸಿಕೊಂಡದ್ದೇನು ಎಂಬುದು ನನಗೆ ಈ ವೃತ್ತಿಜೀವನದ ಅತಿ ಮುಖ್ಯ ಸಂಗತಿಯಾಗಿ ಕಾಣುತ್ತದೆ. ಹತ್ತು ವರ್ಷ ದುಡಿದ ಛಾಯಾಗ್ರಾಹಕನಿಗೆ ನಿರ್ದೇಶನದ ಅವಕಾಶ ಸಿಕ್ಕಾಗ ತನ್ನ ಕಣ್ಣಿನ ಕಸುಬನ್ನು ಮೆರೆಸುವ ಕಥೆಯನ್ನೇ ಹಿಡಿಯುವುದು ಸಹಜ. ಆರಿ ಹಿಡಿದದ್ದು ಹೆರ್ದಿಸ್ ಎಗಿಲ್ಸ್‌ದೋತ್ತಿರ್ ಅವರ ಮಕ್ಕಳ ಪುಸ್ತಕಗಳ ‘ಪಾಪ್ಪಿರ್ಸ್ ಪ್ಯೇಸಿ’ಯನ್ನು. ಒಬ್ಬ ಹುಡುಗ ಕಾಗದದ ಮೇಲೆ ಬರೆದ ಗೊಂಬೆಗೆ ಜೀವ ಬರುತ್ತದೆ, ಇಬ್ಬರೂ ಕೂಡಿ ಬೀದಿಯಲ್ಲಿ ಕಿತಾಪತಿ ಮಾಡುತ್ತಾರೆ. 1990ರ ಚಿತ್ರವಿದು. ಡಿಸ್ನಿ ಚಿತ್ರಗಳು ಐಸ್‌ಲೆಂಡಿಕ್ ಡಬ್ಬಿಂಗ್‌ನಲ್ಲಿ ಚಿತ್ರಮಂದಿರಕ್ಕೆ ಬರುವ ರೂಢಿ ಬೆಳೆದದ್ದು ಅದರ ನಂತರ. ಅಲ್ಲಿಯವರೆಗೆ ಬರುತ್ತಿದ್ದುದು ಅಡಿಬರಹದ ಚಿತ್ರಗಳು, ಓದು ಬಾರದ ಮಕ್ಕಳಿಗೆ ಅಡಿಬರಹ ಉಪಯೋಗಕ್ಕಿಲ್ಲ. ಆರೇಳು ವರ್ಷದ ಮಗು ತನ್ನ ಮನೆಯ ಭಾಷೆಯನ್ನು ದೊಡ್ಡ ಪರದೆಯಿಂದ ಕೇಳಬೇಕೆಂದರೆ ಯಾರಾದರೂ ಅದಕ್ಕೆಂದೇ ಚಿತ್ರ ಮಾಡಬೇಕಿತ್ತು. 1981ರಲ್ಲಿ ಥ್ರಾಯಿನ್ ಅವಳಿ ಹುಡುಗರ ಕಥೆ ‘ಯೋನ್ ಓದ್ದುರ್ ಓಗ್ ಯೋನ್ ಬ್ಯಾರ್ನಿ’ ಮಾಡಿದ್ದರು. ಆ ಸಾಲಿನ ಮುಂದಿನ ಕೊಂಡಿ ಆರಿ.

1997ರ ‘ಸ್ಟಿಕ್‌ಫ್ರೀ’ ಅವರ ನಿರ್ದೇಶನದ ಅತ್ಯುತ್ತಮ ಚಿತ್ರ. ಹತ್ತು ವರ್ಷದ ಹ್ರೆಫ್ನಾ ತನ್ನ ತಂದೆಯನ್ನು ನೋಡಿಯೇ ಇಲ್ಲ, ಅವನು ಪರದೇಶದಲ್ಲಿದ್ದಾನೆಂದು ನಂಬಿದ್ದಾಳೆ. ಅವನು ತನ್ನದೇ ಊರಿನಲ್ಲಿ ಹೊಸ ಸಂಸಾರ ಮಾಡಿಕೊಂಡಿದ್ದಾನೆಂದು ಗೊತ್ತಾದಾಗ ಗೆಳತಿಯ ಜೊತೆ ಹುಡುಕಿಕೊಂಡು ಹೋಗುತ್ತಾಳೆ. ಕೊನೆಗೆ ಅವನ ಪುಟ್ಟ ಮಗುವನ್ನೇ, ಅಂದರೆ ತನ್ನ ತಂಗಿಯನ್ನೇ, ಎತ್ತಿಕೊಂಡು ಬರುತ್ತಾಳೆ. ಕಥೆಯ ಸಾರ ಕೇಳಿದರೆ ಅಪಹರಣದ ಗಂಭೀರ ಚಿತ್ರವೆನ್ನಿಸಬಹುದು. ಆದರೆ ಇದು ನಗಿಸುವ ಚಿತ್ರ, ನಗುವಿನ ಕೆಳಗೆ ಬೇರ್ಪಟ್ಟ ಮನೆಗಳ ಮಕ್ಕಳ ನೋವಿದೆ. ದೊಡ್ಡವರ ತಪ್ಪಿಗೆ ಚಿತ್ರ ಮುಲಾಜು ತೋರುವುದಿಲ್ಲ, ಅವರನ್ನು ರಾಕ್ಷಸರನ್ನಾಗಿಯೂ ಮಾಡುವುದಿಲ್ಲ. ಮಕ್ಕಳಿಂದ ನಟನೆ ತೆಗೆಯುವುದು ಎಷ್ಟು ಕಷ್ಟವೆಂದು ಕ್ಯಾಮೆರಾ ಹಿಡಿದವರಿಗೆ ಚೆನ್ನಾಗಿ ಗೊತ್ತು. ಮೂರನೇ ಟೇಕಿಗೆ ಮಗುವಿನ ಮುಖದಿಂದ ಜೀವ ಹೊರಟುಹೋಗುತ್ತದೆ. ಈ ಚಿತ್ರದ ಹುಡುಗಿಯರಲ್ಲಿ ಆ ಬಾಡುವಿಕೆ ಇಲ್ಲ. ಪಂಕ್ ಸಂಗೀತದ ಸಂದಣಿಯಲ್ಲಿ ಸಿಕ್ಕ ಕ್ಷಣವನ್ನು ಹಿಡಿಯಲು ಕಲಿತವರು ಹದಿನೈದು ವರ್ಷದ ನಂತರ ಅದೇ ವಿದ್ಯೆಯನ್ನು ಹತ್ತು ವರ್ಷದ ಹುಡುಗಿಯರ ಮುಂದೆ ಪ್ರಯೋಗಿಸಿದ್ದಾರೆ ಎಂದು ನಾನು ಓದಿಕೊಳ್ಳುತ್ತೇನೆ.

ಮೂರನೆಯದು 2007ರ ‘ದುಗ್ಘೋಲುಫೋಲ್ಕಿದ್’. ಕಂಪ್ಯೂಟರ್ ಬಿಟ್ಟಿರಲಾರದ ರಾಜಧಾನಿಯ ಹುಡುಗನನ್ನು ವೆಸ್ಟ್‌ಫ್ಯೋರ್ಡ್ಸ್‌ನಲ್ಲಿರುವ ತಂದೆಯ ಬಳಿಗೆ ಕಳಿಸುತ್ತಾರೆ. ಅಲ್ಲಿ ನೆಟ್‌ವರ್ಕ್ ಇಲ್ಲ, ಹಿಮಗಾಳಿ ಇದೆ, ಹಳೆಯ ದೆವ್ವಗಳಿವೆ. ಹದಿನಾರು ವರ್ಷ ಹಿಂದೆ ಇಬ್ಬರು ಮುದುಕರನ್ನು ಯಾವ ದಿಕ್ಕಿಗೆ ಕರೆದೊಯ್ದಿದ್ದರೋ ಅದೇ ದಿಕ್ಕಿಗೆ ಆರಿ ಈಗ ಒಬ್ಬ ಹುಡುಗನನ್ನು ಕಳಿಸಿದ್ದಾರೆ. ಕಂಪ್ಯೂಟರ್ ವ್ಯಾಮೋಹದ ಮೇಲಿನ ಉಪದೇಶವಾಗಿ ಈ ಚಿತ್ರ ಸೊರಗುವ ಕಡೆಗಳಿವೆ, ಅದನ್ನು ಮುಚ್ಚಿಡಬೇಕಿಲ್ಲ. ಆದರೆ ಹಿಮಗಾಳಿಯ ದೃಶ್ಯಗಳು ನಿಜವಾಗಿ ಹೆದರಿಸುತ್ತವೆ. ಮಕ್ಕಳ ಚಿತ್ರವೆಂದು ಅಲ್ಲಿ ಯಾವ ಸಡಿಲಿಕೆಯೂ ಇಲ್ಲ.

ನಿರ್ಮಾಪಕರಾಗಿ ಆರಿ ಮಾಡಿದ ಕೆಲಸ ಕಣ್ಣಿಗೆ ಬೀಳುವಂಥದ್ದಲ್ಲ, ಅದರ ಬಗ್ಗೆ ಹೆಚ್ಚು ಬರೆಯುವುದೂ ಕಷ್ಟ. ಐಸ್‌ಲೆಂಡಿನ ಚಿತ್ರ ನಿರ್ಮಾಪಕರ ಸಂಘದ ಅಧ್ಯಕ್ಷರಾಗಿಯೂ ಅವರು ದುಡಿದರು. 2008ರ ಅಕ್ಟೋಬರ್‌ನಲ್ಲಿ ದೇಶದ ಬ್ಯಾಂಕುಗಳು ಕುಸಿದ ಮೇಲೆ ಸರ್ಕಾರ ಚಿತ್ರನಿಧಿಗೆ ಭಾರಿ ಕತ್ತರಿ ಹಾಕಿತು. ಸಿನಿಮಾದವರು ಅದನ್ನು ಬಲವಾಗಿ ಪ್ರತಿಭಟಿಸಿದರು. ಇಂಥ ಹೊತ್ತಿನಲ್ಲಿ ಲೆನ್ಸಿನ ಬೆಲೆಯನ್ನೂ ಲೈಟ್‌ಬಾಯ್‌ನ ದಿನಗೂಲಿಯನ್ನೂ ಚಿತ್ರಕಥೆಗೆ ಹಿಡಿಯುವ ಸಮಯವನ್ನೂ ಕೈಯಾರೆ ಬಲ್ಲವರು ಮಾತನಾಡಿದರೆ ಅದಕ್ಕೊಂದು ತೂಕವಿರುತ್ತದೆ.

ಎಲ್ಲರೂ ಈ ದಾರಿ ಹಿಡಿದವರಲ್ಲ. ಒಂದೇ ಕಸುಬಿನಲ್ಲಿ ಆಳಕ್ಕಿಳಿದು ಹೊರದೇಶದಲ್ಲಿ ಹೆಸರಾದವರಿದ್ದಾರೆ. ಸಂಕಲನಕಾರ್ತಿ ವಾಲ್ದಿಸ್ ಓಸ್ಕಾರ್ಸ್‌ದೋತ್ತಿರ್ 1998ರ ಡ್ಯಾನಿಶ್ ಚಿತ್ರ ‘ಫೆಸ್ಟೆನ್’ ಕತ್ತರಿಸಿದರು. ‘ಎಟರ್ನಲ್ ಸನ್‌ಶೈನ್ ಆಫ್ ದಿ ಸ್ಪಾಟ್‌ಲೆಸ್ ಮೈಂಡ್’ಗೆ ಬಾಫ್ಟಾ ಪಡೆದರು. ಅವರೂ ಮನೆಗೆ ಮರಳಿ 2008ರಲ್ಲಿ ‘ಸ್ವೇಟಾಬ್ರುದ್ಕೋಪ್’ ಎಂಬ ಚಿತ್ರ ನಿರ್ದೇಶಿಸಿದರು: ಮದುವೆ ದಿಬ್ಬಣ ಚರ್ಚು ಸಿಗದೆ ಹಳ್ಳಿದಾರಿಯಲ್ಲಿ ಅಲೆಯುವ ಕಥೆ. ಎಲಿಸಾಬೆತ್ ರೋನಾಲ್ದ್ಸ್‌ದೋತ್ತಿರ್ ಐಸ್‌ಲೆಂಡಿನ ‘ಮೀರಿನ್’ ಸಂಕಲಿಸಿ ಮುಂದೆ ‘ಜಾನ್ ವಿಕ್’ ಸಂಕಲಿಸಿದರು. ಕಾರ್ಲ್ ಯೂಲಿಯುಸ್ಸನ್ ‘ಬ್ರೇಕಿಂಗ್ ದಿ ವೇವ್ಸ್’ನಿಂದ ‘ದಿ ಹರ್ಟ್ ಲಾಕರ್’ವರೆಗೆ ಕಲಾವಿನ್ಯಾಸ ಮಾಡಿದರು. ಇವರ ಪಕ್ಕದಲ್ಲಿಟ್ಟು ನೋಡಿದರೆ ಆರಿ ತಮ್ಮ ಶಕ್ತಿಯನ್ನು ಹಂಚಿ ತೆಳುವಾಗಿಸಿಕೊಂಡರೇ ಎಂಬ ಪ್ರಶ್ನೆ ಏಳುತ್ತದೆ. ಆ ಪ್ರಶ್ನೆಯಲ್ಲಿ ಹುರುಳಿದೆ. ‘ಡೆವಿಲ್ಸ್ ಐಲೆಂಡ್’ ನಂತರ ಫ್ರಿದ್ರಿಕ್ ಅವರ ‘ಏಂಜಲ್ಸ್ ಆಫ್ ದಿ ಯೂನಿವರ್ಸ್’ ಮತ್ತು ‘ಫಾಲ್ಕನ್ಸ್’ ಚಿತ್ರಗಳಿಗೆ ಕ್ಯಾಮೆರಾ ಹಿಡಿದವರು ನಾರ್ವೆಯ ಹಾರಾಲ್ಡ್ ಪಾಲ್ಗಾರ್ಡ್. ತನ್ನ ಕಸುಬಿನ ಉಚ್ಛ್ರಾಯದಲ್ಲಿ ಒಬ್ಬ ಛಾಯಾಗ್ರಾಹಕ ಬೇರೆ ಕೆಲಸಗಳತ್ತ ಹೊರಳಿದರೆ ಅವನ ಶೈಲಿ ಎಂದು ನಾವು ಗುರುತಿಸಬಹುದಾದ ಒಂದು ರಾಶಿ ಸಿಗದೆ ಹೋಗುತ್ತದೆ. ವಿಮರ್ಶೆ ಅಂಥವರನ್ನು ಮರೆಯುವುದಕ್ಕೆ ಇದೂ ಒಂದು ಕಾರಣ.

ಆದರೂ ನನ್ನ ತೀರ್ಪು ಆರಿಯ ಪರ. ಹೊರಗೆ ಹೋದವರು ತಮ್ಮ ಕಸುಬನ್ನು ಬೆಳೆಸಿದರು, ಮನೆಯಲ್ಲೇ ಉಳಿದು ಕೆಲಸ ಬದಲಿಸಿದವರು ತಮ್ಮ ಭಾಷೆಯ ಸಿನಿಮಾ ನಿಂತುಹೋಗದಂತೆ ಕಾದರು. ಎರಡನೆಯದಕ್ಕೆ ಬಾಫ್ಟಾ ಇಲ್ಲ. ಇಂದು ಈ ಮಾತು ಹೆಚ್ಚು ಒತ್ತಿ ಹೇಳಬೇಕಾಗಿದೆ. ಐಸ್‌ಲೆಂಡಿನಲ್ಲಿ ಚಿತ್ರೀಕರಿಸುವವರಿಗೆ ಖರ್ಚಿನ ಒಂದು ಭಾಗವನ್ನು ಸರ್ಕಾರ ಮರಳಿಸುವ ಯೋಜನೆ ಶೇ. 12ರಿಂದ ಆರಂಭವಾಗಿ, 2022ರಿಂದ ದೊಡ್ಡ ಚಿತ್ರಗಳಿಗೆ ಶೇ. 35ಕ್ಕೆ ಏರಿದೆ. ‘ಇಂಟರ್‌ಸ್ಟೆಲ್ಲರ್’ ಅಲ್ಲಿನ ಹಿಮನದಿಯನ್ನು ಬೇರೆ ಗ್ರಹವನ್ನಾಗಿ ತೋರಿಸಿತು. ನಮ್ಮವರಿಗೆ ಅಲ್ಲಿನ ಕರಿಮರಳಿನ ತೀರ ಪರಿಚಯವಾದದ್ದು 2015ರ ‘ದಿಲ್‌ವಾಲೇ’ ಹಾಡಿನಲ್ಲಿ. ಈ ವ್ಯವಹಾರದಿಂದ ಅಲ್ಲಿನ ತಂತ್ರಜ್ಞರಿಗೆ ಒಳ್ಳೆಯ ಸಂಬಳ, ಒಳ್ಳೆಯ ಸಲಕರಣೆ ಸಿಕ್ಕಿವೆ. ಆದರೆ ಇಂಗ್ಲಿಷ್ ಚಿತ್ರದ ದೊಡ್ಡ ತಂಡದಲ್ಲಿ ಒಬ್ಬನಿಗೆ ಒಂದೇ ಕೆಲಸ. ಫೋಕಸ್ ಎಳೆಯುವವನು ಫೋಕಸ್ ಅಷ್ಟೇ ಎಳೆಯುತ್ತಾನೆ. ಅಲ್ಲಿ ಪಳಗಿದವರಿಂದ ಮುಂದಿನ ‘ಸ್ಟಿಕ್‌ಫ್ರೀ’ ಬರುತ್ತದೆಯೇ ಎಂಬ ಆತಂಕ ನನ್ನದು. ಮಕ್ಕಳ ಚಿತ್ರಕ್ಕೆ ಹಣ ಹೂಡಲು ಯಾವ ಸಣ್ಣ ದೇಶದಲ್ಲೂ ಸರದಿ ನಿಲ್ಲುವುದಿಲ್ಲ.

2010ರಲ್ಲಿ ಆರಿ ಮತ್ತೆ ಫ್ರಿದ್ರಿಕ್ ಜೊತೆ ಸೇರಿ ‘ಮಮ್ಮಾ ಗೋಗೋ’ ಚಿತ್ರೀಕರಿಸಿದರು. ಮರೆವಿನ ಕಾಯಿಲೆಗೆ ತುತ್ತಾದ ತಾಯಿಯ ಪಾತ್ರದಲ್ಲಿ ಕ್ರಿಸ್ಟ್‌ಬ್ಯೋರ್ಗ್ ಕ್ಯೆಲ್ದ್ ನಟಿಸಿದ್ದಾರೆ. ತಾಯಿಗೆ ತನ್ನ ಹರೆಯ ನೆನಪಾಗುವ ಕಡೆ ಚಿತ್ರತಂಡ ಬಳಸಿದ್ದು 1962ರ ‘79 ಆಫ್ ಸ್ಟೋದಿನ್ನಿ’ಯ ತುಣುಕುಗಳನ್ನು. ಅದರಲ್ಲಿ ಅದೇ ನಟಿ ತರುಣಿಯಾಗಿದ್ದಾರೆ. ಮೇಕಪ್ಪು, ಬದಲಿ ನಟಿ ಏನೂ ಬೇಕಾಗಲಿಲ್ಲ. ಹಳೆಯ ಕಪ್ಪುಬಿಳುಪು ಚಿತ್ರದಿಂದ ಹೊಸ ಬಣ್ಣದ ಚಿತ್ರಕ್ಕೆ ನೋಡುವವರ ಕಣ್ಣು ಎಡವದಂತೆ ದಾಟಿಸುವುದು ಛಾಯಾಗ್ರಾಹಕನ ಕೆಲಸ. ಅದು ಅಲ್ಲಿ ನಿರಾಯಾಸವಾಗಿ ಆಗಿದೆ.

ಈ ವೃತ್ತಿಜೀವನವನ್ನು ಹೊಸದಾಗಿ ನೋಡಹೊರಟವರು ‘ಚಿಲ್ಡ್ರನ್ ಆಫ್ ನೇಚರ್’ನಿಂದ ಶುರುಮಾಡಿ ‘ಕೋಲ್ಡ್ ಫೀವರ್’ಗೆ ಬರುವುದು ಒಳ್ಳೆಯದು. ಆಮೇಲೆ ಹಿಂದಕ್ಕೆ ಹೋಗಿ ‘ನೀಟ್ ಲೀಫ್’ ನೋಡಬೇಕು, ಅರ್ಧ ಹಾಸ್ಯ ಅರ್ಥವಾಗದಿದ್ದರೂ ಅಡ್ಡಿಯಿಲ್ಲ. ‘ಸ್ಟಿಕ್‌ಫ್ರೀ’ಯನ್ನು ಮಾತ್ರ ಮನೆಯ ಮಕ್ಕಳ ಜೊತೆ ಕೂತು ನೋಡಿ. ಅಡಿಬರಹ ಓದಿ ಹೇಳುವ ಕೆಲಸ ನಿಮ್ಮದಾಗುತ್ತದೆ.